ಗೋಡೆಯ ಮೇಲೊಂದು ಮಣ್ಣಿನ ಗೆರೆ



ಮುಂಗಾರಿನ ಮೊದಲ ಮಳೆಗಳು ಬಿದ್ದು ನೆಲ ತಣಿದ ಸಂಜೆ ದೀಪದ ಸುತ್ತ ಈಸಲು ಹುಳ ಮುತ್ತುವುದನ್ನು ನೀವೆಲ್ಲ ಕಂಡಿದ್ದೀರಿ. ಸ್ವಲ್ಪ ಹೊತ್ತು ಹಾರಾಡಿ, ರೆಕ್ಕೆ ಉದುರಿಸಿ, ನೆಲದ ಮೇಲೆ ಒಂದರ ಹಿಂದೊಂದು ಹರಿದು ಹೋಗುತ್ತವೆ. ಬೆಳಗ್ಗೆ ರೆಕ್ಕೆಗಳನ್ನು ಗುಡಿಸಿ ಹಾಕುತ್ತೇವೆ, ಅಲ್ಲಿಗೆ ಮರೆತೂಬಿಡುತ್ತೇವೆ. ಗುಡಿಸುವ ಮುಂಚೆ ಒಂದು ಸಂಗತಿಯನ್ನು ಗಮನಿಸಿ ಎಂದು ಕೇಳಿಕೊಳ್ಳುತ್ತೇನೆ. ರೆಕ್ಕೆ ಬಿದ್ದಿರುವುದು ದೀಪ ಉರಿಯುತ್ತಿದ್ದ ಜಗಲಿಯಲ್ಲೋ, ಅಥವಾ ಕಿಟಕಿ ಬಾಗಿಲು ಮುಚ್ಚಿದ್ದ ಒಳಕೋಣೆಯಲ್ಲೋ? ಜಗಲಿಯಲ್ಲಾದರೆ ಅವು ಹಿತ್ತಲಿನಿಂದಲೋ ಹೊಲದಿಂದಲೋ ಬೆಳಕಿಗೆ ಬಂದವು, ಚಿಂತೆಯಿಲ್ಲ. ಮುಚ್ಚಿದ ಕೋಣೆಯಲ್ಲಾದರೆ ಅವು ಎದ್ದದ್ದು ನಿಮ್ಮ ಮನೆಯ ನೆಲದಿಂದಲೇ, ಗೋಡೆಯಿಂದಲೇ.

ಈಸಲು ಎಂದರೆ ರೆಕ್ಕೆ ಮೂಡಿದ ಗೆದ್ದಲು. ಗೂಡು ಚೆನ್ನಾಗಿ ಬಲಿತ ಮೇಲೆಯೇ ಹೊಸ ಸಂಸಾರ ಹೂಡಲು ಗಂಡು ಹೆಣ್ಣುಗಳನ್ನು ಹೊರಗೆ ಕಳಿಸುತ್ತದೆ. ಅಷ್ಟು ಬಲಿಯಲು ವರ್ಷಗಳು ಬೇಕು. ಹಾಗಾಗಿ ಒಳಕೋಣೆಯಲ್ಲಿ ಈಸಲು ಎದ್ದ ಮನೆಯಲ್ಲಿ ಗೆದ್ದಲು ಸೇರಿ ಆಗಲೇ ಬಹಳ ಕಾಲವಾಗಿರುತ್ತದೆ. ರೆಕ್ಕೆ ಬಂದ ಇರುವೆಯನ್ನು ಕಂಡು ಗಾಬರಿಯಾಗುವವರೂ ಇದ್ದಾರೆ, ಆದ್ದರಿಂದ ವ್ಯತ್ಯಾಸ ತಿಳಿದಿರಲಿ. ಇರುವೆಗೆ ಸಣ್ಣ ನಡು, ಬಾಗಿದ ಮೀಸೆ, ಮುಂದಿನ ರೆಕ್ಕೆ ಉದ್ದ, ಹಿಂದಿನದು ಗಿಡ್ಡ. ಈಸಲಿಗೆ ನಡುವೇ ಕಾಣದು, ಮೈ ಮೇಲಿಂದ ಕೆಳಗಿನವರೆಗೆ ಒಂದೇ ದಪ್ಪ. ಮೀಸೆ ಮಣಿ ಪೋಣಿಸಿದಂತೆ ನೇರ. ನಾಲ್ಕು ರೆಕ್ಕೆಯೂ ಒಂದೇ ಅಳತೆ. ಗೆದ್ದಲನ್ನು ಬಿಳಿ ಇರುವೆ ಎಂದು ಕರೆಯುವ ರೂಢಿಯಿದೆಯಾದರೂ ಇರುವೆಗೂ ಅದಕ್ಕೂ ನೆಂಟಸ್ತನವಿಲ್ಲ. ಅದರ ದಾಯಾದಿ ಜಿರಲೆ.

ಮರ ತಿನ್ನುವುದೆಲ್ಲ ಗೆದ್ದಲೂ ಅಲ್ಲ. ಹಳೆಯ ಮಂಚದ ಕಾಲಲ್ಲಿ ಸೂಜಿ ಚುಚ್ಚಿದಂಥ ತೂತು, ಕೆಳಗೆ ನುಣ್ಣನೆಯ ಹಿಟ್ಟು ಕಂಡರೆ ಅದು ಕುಟ್ಟೆ, ಒಂದು ಜಾತಿಯ ದುಂಬಿಯ ಮರಿ. ಹಿಟ್ಟಿನ ಬದಲು ಗಸಗಸೆಯಷ್ಟು ಸಣ್ಣ ಗಟ್ಟಿ ಕಾಳುಗಳು ಉದುರಿದ್ದರೆ ಒಣಮರದ ಗೆದ್ದಲು. ಅದಕ್ಕೆ ಮಣ್ಣು ಬೇಡ, ಕುರ್ಚಿಯೊಳಗೇ ಹುಟ್ಟಿ ಅಲ್ಲೇ ಬದುಕುತ್ತದೆ. ಇವೆರಡಕ್ಕೂ ಆ ಸಾಮಾನಿಗಷ್ಟೇ ಮದ್ದು ಮಾಡಿದರೆ ಸಾಕು. ಇವತ್ತು ನಾನು ಹೇಳಹೊರಟಿರುವುದು ಮೂರನೆಯದರ ವಿಷಯ, ಮಣ್ಣಿನಿಂದ ಎದ್ದು ಮನೆಗೆ ನುಗ್ಗುವ ಗೆದ್ದಲಿನದು. ಅದರ ಮುಖ್ಯ ಗುರುತು: ಗೋಡೆಯ ಮೇಲೆ, ಬಾಗಿಲ ಚೌಕಟ್ಟಿನ ಅಂಚಿನಲ್ಲಿ, ಹೆಚ್ಚುಕಡಿಮೆ ಪೆನ್ಸಿಲ್ ದಪ್ಪದ ಮಣ್ಣಿನ ಗೆರೆ.

ಆ ಗೆರೆ ಯಾಕಿದೆ ಎಂಬುದು ತಿಳಿದರೆ ಮುಂದಿನದೆಲ್ಲ ತಾನಾಗಿ ತಿಳಿಯುತ್ತದೆ. ಕೆಲಸಗಾರ ಗೆದ್ದಲಿಗೆ ಕಣ್ಣಿಲ್ಲ, ಮೈಮೇಲೆ ಗಟ್ಟಿ ಕವಚವೂ ಇಲ್ಲ. ಒಣ ಗಾಳಿಗೆ ಬಿಟ್ಟರೆ ಸ್ವಲ್ಪ ಹೊತ್ತಿನಲ್ಲಿ ಮೈಯ ನೀರಾರಿ ಸಾಯುತ್ತದೆ. ಅದಕ್ಕೇ ಅದು ನೆಲದೊಳಗಿನ ತೇವವನ್ನು ತನ್ನ ಜೊತೆ ಒಯ್ಯುತ್ತದೆ. ಮಣ್ಣಿನ ಕಣವನ್ನು ಎಂಜಲಿನಲ್ಲಿ, ಮಲದಲ್ಲಿ ಕಲಸಿ ಮೆತ್ತಿ ಮಾಡು ಹಾಕಿದ ದಾರಿ ಕಟ್ಟಿಕೊಂಡು, ಒಳಗಿನ ಹಸಿ ಗಾಳಿಯಲ್ಲಿ ನಡೆದು ಮರ ಮುಟ್ಟುತ್ತದೆ, ತಿರುಗಿ ಗೂಡಿಗೆ ಹೋಗುತ್ತದೆ. ಮಣ್ಣು, ತೇವ, ಮರ: ಈ ಮೂರರ ನಡುವಿನ ದಾರಿ ತೆರೆದಿರುವವರೆಗೆ ಗೆದ್ದಲು ಇರುತ್ತದೆ. ಕಣ್ಣಿಗೆ ಕಂಡ ಹುಳವನ್ನು ಕೊಲ್ಲುವುದರಿಂದ ಏನೂ ಆಗದು, ಆ ದಾರಿ ಕಡಿಯಬೇಕು. ನನ್ನ ಮಾತಿನ ಸಾರವೆಲ್ಲ ಇಷ್ಟೇ.

ಜಗತ್ತಿನಲ್ಲಿ ಸುಮಾರು 3,000 ಜಾತಿಯ ಗೆದ್ದಲುಗಳಿವೆ. ಅವುಗಳಲ್ಲಿ ಮನೆಗೆ ಕೇಡು ಮಾಡುವವು ತೀರ ಕೆಲವು. ಕಾಡಿನಲ್ಲಿ, ಹೊಲದಲ್ಲಿ ಬಿದ್ದ ಎಲೆ, ಕಡ್ಡಿ, ಸಗಣಿಯನ್ನು ಮಣ್ಣಿಗೆ ಸೇರಿಸುವ ಕೆಲಸ ಇವುಗಳದ್ದು. ಹಾಗಾಗಿ ಊರಾಚೆಯ ಹುತ್ತಕ್ಕೆಲ್ಲ ವಿಷ ಸುರಿಯುವುದನ್ನು ನಾನು ಒಪ್ಪುವುದಿಲ್ಲ. ನಮ್ಮ ಭಾಗದಲ್ಲಿ ಮನೆ ಹೊಗುವವುಗಳಲ್ಲಿ ಎರಡು ಕುಲಗಳು ಮುಖ್ಯ. ಒಂದು ಓಡಾಂಟೋಟರ್ಮಿಸ್. ಹುತ್ತ ಕಟ್ಟುವುದು, ನೆಲದೊಳಗೆ ಅಣಬೆಯ ತೋಟ ಬೆಳೆಸುವುದು ಇದೇ. ಮಳೆಗಾಲದಲ್ಲಿ ಹುತ್ತದ ಮೇಲೆ ಏಳುವ ರುಚಿಯಾದ ಅಣಬೆ ಇದರ ತೋಟದಿಂದ ಬಂದದ್ದು. ಮರದ ಮೇಲೆ, ಗೋಡೆಯ ಮೇಲೆ ಹಾಳೆ ಹಾಳೆಯಾಗಿ ಮಣ್ಣು ಮೆತ್ತುತ್ತದೆ, ಆದ್ದರಿಂದ ಬೇಗ ಕಣ್ಣಿಗೆ ಬೀಳುತ್ತದೆ. ಇನ್ನೊಂದು ಕೋಪ್ಟೋಟರ್ಮಿಸ್. ಇದು ಹೊರಗೆ ಹೆಚ್ಚು ತೋರಿಸಿಕೊಳ್ಳದೆ ಮರದ ಹೊಟ್ಟೆಯೊಳಗೇ ಇರುತ್ತದೆ. ಇದರ ಕಾವಲು ಹುಳದ ತಲೆ ಹಳದಿ ಬಣ್ಣದ್ದು, ಮುಂದಕ್ಕೆ ಚೂಪು. ಮುಟ್ಟಿದರೆ ಹಣೆಯ ರಂಧ್ರದಿಂದ ಹಾಲಿನಂಥ ಬಿಳಿ ದ್ರವದ ಹನಿ ಉಕ್ಕುತ್ತದೆ. ಭೂತಗನ್ನಡಿ ಇಲ್ಲದೆಯೂ ಆ ಹನಿ ಕಾಣುತ್ತದೆ. ಕಂಡರೆ ತಡಮಾಡಬೇಡಿ.

ಕೋಪ್ಟೋಟರ್ಮಿಸ್ ಬಗ್ಗೆ ಯಾಕಿಷ್ಟು ಒತ್ತಿ ಹೇಳುತ್ತಿದ್ದೇನೆಂದರೆ, ಊರು ಬಿಟ್ಟು ಊರಿಗೆ, ದೇಶ ಬಿಟ್ಟು ದೇಶಕ್ಕೆ ಹೋಗಿ ನೆಲೆ ನಿಲ್ಲುವ ಗೆದ್ದಲು ಇದು. ಈ ಕುಲಕ್ಕೆ ಸೇರಿದ, ಚೀನಾ, ತೈವಾನ್ ಕಡೆಯ ಫಾರ್ಮೋಸಾ ಗೆದ್ದಲು ಎರಡನೆಯ ಮಹಾಯುದ್ಧ ಮುಗಿದು ಅಮೆರಿಕದ ಸೇನೆಯ ಸರಕು ಪೆಸಿಫಿಕ್‌ನಿಂದ ಹಡಗುಗಳಲ್ಲಿ ಹಿಂದಿರುಗಿದಾಗ ಮರದ ಪೆಟ್ಟಿಗೆಗಳೊಳಗೆ ಆ ದೇಶ ಸೇರಿತು. ನ್ಯೂ ಆರ್ಲಿಯನ್ಸ್ ನಗರದ ಹಳೆಯ ಫ್ರೆಂಚ್ ಕ್ವಾರ್ಟರ್ ಬಡಾವಣೆಯ ಮನೆಗಳನ್ನೂ ಬೀದಿಮರಗಳನ್ನೂ ಅದು ಎಷ್ಟು ಟೊಳ್ಳು ಮಾಡಿತೆಂದರೆ, 1998ರಲ್ಲಿ ಅಲ್ಲಿನ ಸರ್ಕಾರ ಅದಕ್ಕೆಂದೇ ದೊಡ್ಡ ಕಾರ್ಯಕ್ರಮ ಹಮ್ಮಿಕೊಳ್ಳಬೇಕಾಯಿತು. ಒಬ್ಬರ ಮನೆಗೆ ಮದ್ದು ಹಾಕಿದರೆ ಪಕ್ಕದ ಮನೆಯಿಂದ ಬರುತ್ತಿತ್ತು. ಆದ್ದರಿಂದ ಇಡೀ ಬಡಾವಣೆಗೇ ಒಟ್ಟಾಗಿ ಚಿಕಿತ್ಸೆ ನಡೆಯಿತು. ಬರ್ಮಾದಲ್ಲಿ ಮೊದಲು ಗುರುತಿಸಿದ ಇದರ ಸೋದರ ಜಾತಿ ಗೆಸ್ಟ್ರೋಯಿ, ಬ್ರೆಜಿಲ್, ಕೆರಿಬಿಯನ್ ದ್ವೀಪಗಳನ್ನೆಲ್ಲ ಹೊಕ್ಕು 1996ರಲ್ಲಿ ಮಯಾಮಿಯಲ್ಲೂ ಸಿಕ್ಕಿತು. ಇವೆಲ್ಲ ತಾವಾಗಿ ಹಾರಿ ಸಮುದ್ರ ದಾಟಿದವಲ್ಲ. ದಾಟಿಸಿದ್ದು ತೇವದ ಮರ, ದೋಣಿ, ಮಣ್ಣಿನ ಕುಂಡ. ನಮ್ಮಲ್ಲೂ ಹಳೆ ಮನೆ ಕೆಡವಿದ ತೊಲೆ, ಬಾಗಿಲುಗಳನ್ನು ಲಾರಿಯಲ್ಲಿ ತಂದು ಹೊಸ ಮನೆಗೆ ಜೋಡಿಸುವುದು ಈಗ ಹೆಚ್ಚಾಗಿದೆ. ಒಳ್ಳೆಯದೇ. ಆದರೆ ತಂದ ಮರವನ್ನು ಬಿಸಿಲಲ್ಲಿ ಒಣಗಿಸಿ, ಬಡಿದು ನೋಡಿ, ಆಮೇಲೆ ಒಳಗೆ ತನ್ನಿ.

ಈಗ ಮನೆಯೊಳಗೆ ಬರೋಣ. ಒಂದು ಟಾರ್ಚ್, ಒಂದು ಸ್ಕ್ರೂಡ್ರೈವರ್ ಇದ್ದರೆ ಸಾಕು. ಮೊದಲು ನೋಡಬೇಕಾದ್ದು ಬಚ್ಚಲಮನೆಯ ಬಾಗಿಲ ಚೌಕಟ್ಟು, ಅದರ ಕಾಲು ನೆಲ ಮುಟ್ಟುವ ಜಾಗ. ಅಲ್ಲಿ ಮಣ್ಣೂ ಇದೆ, ತೇವವೂ ಇದೆ, ಮರವೂ ಇದೆ. ಸ್ಕ್ರೂಡ್ರೈವರ್‌ನ ಹಿಡಿಯಿಂದ ಮೇಲಿಂದ ಕೆಳಗೆ ಬಡಿಯುತ್ತ ಬನ್ನಿ. ಗಟ್ಟಿ ಮರ ಟಕ್ ಎನ್ನುತ್ತದೆ, ತಿಂದ ಮರದ ಸದ್ದು ಟೊಳ್ಳು. ಸದ್ದು ಬದಲಾದ ಕಡೆ ಹೆಬ್ಬೆರಳಿನಿಂದ ಒತ್ತಿ. ಮೇಲೆ ಬಣ್ಣ ಹಾಗೇ ಹೊಳೆಯುತ್ತಿರುತ್ತದೆ, ಒತ್ತಿದರೆ ಬೆರಳು ಒಳಗೆ ಹೋಗುತ್ತದೆ. ಮರದ ಮೆದು ಭಾಗವನ್ನು ತಿಂದು ಗಟ್ಟಿ ಗೆರೆಗಳನ್ನಷ್ಟೇ ಬಿಟ್ಟಿರುತ್ತದೆ, ನಡುವೆ ಒದ್ದೆ ಮಣ್ಣು. ಅಲ್ಲಿಂದ ಮುಂದೆ ಅಡುಗೆಮನೆಯ ಸಿಂಕಿನ ಕೆಳಗಿನ ಕಪಾಟು, ಗೋಡೆಗೆ ಅಂಟಿಸಿ ಮಾಡಿಸಿದ ವಾರ್ಡ್‌ರೋಬಿನ ಹಿಂಬದಿ, ದೇವರ ಮಂಟಪದ ಕೆಳಗೆ, ಸ್ವಿಚ್‌ಬೋರ್ಡಿನ ಮರದ ಪೆಟ್ಟಿಗೆ, ಗೋಡೆಗೆ ತಾಗಿದ ಪುಸ್ತಕದ ಕೆಳ ಅರೆ, ಅಟ್ಟದ ಮೇಲಿನ ರಟ್ಟಿನ ಪೆಟ್ಟಿಗೆ. ಕಾಗದವೂ ಅದಕ್ಕೆ ಮರವೇ. 2011ರಲ್ಲಿ ಉತ್ತರ ಪ್ರದೇಶದ ಬಾರಾಬಂಕಿ ಜಿಲ್ಲೆಯ ಬ್ಯಾಂಕ್ ಶಾಖೆಯೊಂದರಲ್ಲಿ ಪೆಟ್ಟಿಗೆಯಲ್ಲಿಟ್ಟ ಸುಮಾರು ಒಂದು ಕೋಟಿ ರೂಪಾಯಿಯ ನೋಟುಗಳನ್ನು ಗೆದ್ದಲು ತಿಂದ ಸುದ್ದಿ ದೇಶವೆಲ್ಲ ಓದಿತ್ತು. ಜಮೀನಿನ ಪತ್ರ, ಮಕ್ಕಳ ಅಂಕಪಟ್ಟಿ ಮರದ ಕಪಾಟಿನ ತಳದಲ್ಲಿದ್ದರೆ ಇವತ್ತೇ ಜಾಗ ಬದಲಿಸಿ.

ಮೇಲಿನ ಮಹಡಿಯವರು ನಮಗೇಕೆ ಇದು ಎನ್ನಬೇಡಿ. ನೀರಿನ ಪೈಪು ಹೋಗುವ ಕಂಡಿ, ವಯರಿನ ಕೊಳವೆ, ಲಿಫ್ಟಿನ ಬಾವಿ ಇವುಗಳ ಮೂಲಕ ಗೆದ್ದಲು ಮೇಲೇರುತ್ತದೆ. ಅಷ್ಟೇ ಅಲ್ಲ, ಬಚ್ಚಲ ಪೈಪು ಸೋರಿ ಗೋಡೆ ಸದಾ ಒದ್ದೆಯಿದ್ದರೆ ಕೋಪ್ಟೋಟರ್ಮಿಸ್ ಅಲ್ಲೇ ಗೋಡೆಯ ಟೊಳ್ಳಿನಲ್ಲಿ ಗೂಡು ಮಾಡಿಕೊಂಡು, ನೆಲದ ನಂಟೇ ಇಲ್ಲದೆ ಬದುಕಬಲ್ಲದು. ಅಂಥ ಕಡೆ ನೆಲಮಾಳಿಗೆಗೆ ಎಷ್ಟು ವಿಷ ಹಾಕಿದರೂ ಪ್ರಯೋಜನವಿಲ್ಲ. ಪ್ಲಂಬರನ್ನು ಕರೆಸಿ ಸೋರಿಕೆ ನಿಲ್ಲಿಸಬೇಕು.

ಮಣ್ಣಿನ ಗೆರೆ ಕಂಡ ಕೂಡಲೇ ಪೊರಕೆ ತೆಗೆದುಕೊಳ್ಳುವುದು, ಸೀಮೆಎಣ್ಣೆ ಸುರಿಯುವುದು, ಅಂಗಡಿಯಿಂದ ಜಿರಲೆ ಸ್ಪ್ರೇ ತಂದು ಹೊಡೆಯುವುದು ಎಲ್ಲ ಮನೆಗಳಲ್ಲೂ ನಡೆಯುವ ಕೆಲಸ. ದಯವಿಟ್ಟು ಬೇಡ. ದಾರಿಯಲ್ಲಿದ್ದ ಕೆಲವು ನೂರು ಹುಳ ಸಾಯುತ್ತವೆ, ಮಿಕ್ಕ ಲಕ್ಷಾಂತರ ಹುಳಗಳು ಬೇರೆ ಬಿರುಕು ಹುಡುಕುತ್ತವೆ. ಅವು ಎಲ್ಲಿಂದ ಬರುತ್ತಿದ್ದವು ಎಂದು ತೋರಿಸುವ ಒಂದೇ ಸಾಕ್ಷಿಯನ್ನು ನೀವೇ ಅಳಿಸಿದ ಹಾಗಾಗುತ್ತದೆ. ಅದರ ಬದಲು ಗೆರೆಯ ನಡುವೆ ಎರಡು ಬೆರಳಗಲ ಮಾತ್ರ ಒಡೆಯಿರಿ. ಹುಳ ಓಡಾಡುತ್ತಿದ್ದರೆ ಕಾವಲಿನವು ತಲೆ ಹೊರಗಿಟ್ಟು ಬಾಯಿಗೆ ನಿಲ್ಲುತ್ತವೆ, ಕೆಲಸಗಾರ ಹುಳಗಳು ಒದ್ದೆ ಮಣ್ಣಿನ ಉಂಡೆ ತಂದು ಅಂಚಿಗೆ ಹಚ್ಚತೊಡಗುತ್ತವೆ. ಮಾರನೆಯ ದಿನ ನೋಡಿ. ಮುಚ್ಚಿಕೊಂಡಿದ್ದರೆ ಗೂಡು ಜೀವಂತ. ಮುಚ್ಚದಿದ್ದರೂ ಗೂಡು ಸತ್ತಿದೆ ಎಂದುಕೊಳ್ಳಬೇಡಿ, ದಾರಿ ಬದಲಿಸಿರಲೂಬಹುದು. ಒಡೆದಾಗ ಸಿಕ್ಕ ಹುಳಗಳನ್ನು, ಅದರಲ್ಲೂ ದೊಡ್ಡ ತಲೆಯವನ್ನು, ಸ್ಪಿರಿಟ್ ಹಾಕಿದ ಚಿಕ್ಕ ಬಾಟಲಿಯಲ್ಲಿಡಿ. ಹತ್ತಿರದ ಕೃಷಿ ವಿಜ್ಞಾನ ಕೇಂದ್ರದ ಅಥವಾ ಕೃಷಿ ವಿಶ್ವವಿದ್ಯಾಲಯದ ಕೀಟಶಾಸ್ತ್ರದವರಿಗೆ ತೋರಿಸಬಹುದು. ಮರದ ವಿಷಯಕ್ಕಾದರೆ ಬೆಂಗಳೂರಿನ ಮಲ್ಲೇಶ್ವರದಲ್ಲಿ ಮರವಿಜ್ಞಾನ ಮತ್ತು ತಂತ್ರಜ್ಞಾನ ಸಂಸ್ಥೆಯೇ ಇದೆ.

ದಾರಿ ಕಡಿಯುವ ಕೆಲಸದಲ್ಲಿ ಅರ್ಧಕ್ಕಿಂತ ಹೆಚ್ಚು ಪಾಲು ಖರ್ಚಿಲ್ಲದ್ದು. ಗೋಡೆಗೆ ಒರಗಿಸಿದ ಸೌದೆ, ತೆಂಗಿನ ಗರಿ, ಹಳೇ ಹಲಗೆ ತೆಗೆಯಿರಿ. ಗೋಡೆಗೆ ಒತ್ತಿ ಹೂವಿನ ಪಾತಿ ಮಾಡಿ ದಿನವೂ ನೀರು ಬಿಡುತ್ತಿದ್ದರೆ ಅದನ್ನು ದೂರಕ್ಕೆ ಒಯ್ಯಿರಿ. ಮಳೆನೀರು ಬುಡದಲ್ಲಿ ನಿಲ್ಲದಂತೆ ಸುತ್ತ ಸಿಮೆಂಟಿನ ಇಳಿಜಾರು ಕೊಡಿ, ಬಿರುಕು ಬಿಟ್ಟಿದ್ದರೆ ಮುಚ್ಚಿಸಿ. ಪೈಪು ಗೋಡೆ ಹೊಕ್ಕ ಕಡೆಯ ಸಂದು ತುಂಬಿಸಿ. ಏಸಿಯ ನೀರು ಗೋಡೆಯ ಬುಡಕ್ಕೆ ತೊಟ್ಟಿಕ್ಕುವುದನ್ನು ತಪ್ಪಿಸಿ.

ಹೊಸ ಮನೆ ಕಟ್ಟುವವರಿಗೆ ಬೇರೆಯದೇ ಮಾತಿದೆ. ಗೆದ್ದಲನ್ನು ಮನೆಯೊಳಗೆ ಕರೆಯುವ ತಪ್ಪು ಬಹುಪಾಲು ಪಾಯದಲ್ಲೇ ಆಗುತ್ತದೆ. ಸೆಂಟ್ರಿಂಗ್ ಹಲಗೆಯ ತುಂಡು, ಗೂಟ, ಸಿಮೆಂಟ್ ಚೀಲದ ಕಾಗದ, ಬೇರು ಸಮೇತದ ಮಣ್ಣು ಎಲ್ಲವನ್ನೂ ಪಾಯಕ್ಕೆ ಸುರಿದು ಮೇಲೆ ನೆಲ ಹಾಕಿಬಿಡುತ್ತಾರೆ. ಗೆದ್ದಲಿಗೆ ಅಲ್ಲಿ ಮೊದಲ ಊಟ ಸಿಗುತ್ತದೆ. ಮಣ್ಣು ತುಂಬುವಾಗ ಎದುರಿಗೆ ನಿಂತು ಕಸ ಆರಿಸಿ ತೆಗೆಸಿ. ಕಟ್ಟಡಕ್ಕೆ ಗೆದ್ದಲು ತಡೆ ಹೇಗಿರಬೇಕೆಂದು ಭಾರತೀಯ ಮಾನಕ ಸಂಸ್ಥೆಯ ನಿಯಮ ಐಎಸ್ 6313 ಮೂರು ಭಾಗಗಳಲ್ಲಿ ಹೇಳಿದೆ: ಕಟ್ಟುವ ರೀತಿ, ಕಟ್ಟುವಾಗಿನ ಔಷಧ, ಕಟ್ಟಿದ ಮೇಲಿನ ಔಷಧ. ಕಟ್ಟುವಾಗ ನೆಲ ಹಾಕುವ ಮುನ್ನ ತುಂಬಿದ ಮಣ್ಣಿನ ಪ್ರತಿ ಚದರ ಮೀಟರಿಗೆ 5 ಲೀಟರ್ ದ್ರಾವಣ, ಪಾಯದ ಗೋಡೆಯ ಬದಿಗೆ ಪ್ರತಿ ಚದರ ಮೀಟರಿಗೆ 7.5 ಲೀಟರ್ ಬೀಳಬೇಕು. ಈ ಲೆಕ್ಕ ನೆನಪಿಡಿ. ನೂರು ಚದರ ಮೀಟರಿನ ನೆಲಕ್ಕೇ 500 ಲೀಟರ್ ಆಯಿತು. ಎರಡು ಬಕೆಟ್ ನೀರು ಚಿಮುಕಿಸಿ ಆಂಟಿ ಟರ್ಮೈಟ್ ಆಯಿತು ಸಾರ್ ಎನ್ನುವವರನ್ನು ನಂಬಬೇಡಿ. ಹವಾಯಿ, ಆಸ್ಟ್ರೇಲಿಯಾಗಳಲ್ಲಿ ವಿಷವೇ ಇಲ್ಲದೆ ಕಲ್ಲಿನ ಹರಳು ಹಾಸುವ ಪದ್ಧತಿಯೂ ಇದೆ. ಹರಳನ್ನು ಹೊರಲು ಗೆದ್ದಲಿಗೆ ಶಕ್ತಿ ಸಾಲದು, ಹರಳುಗಳ ನಡುವಿನ ಸಂದಿನಲ್ಲಿ ಅದರ ತಲೆ ತೂರದು. ಕಲ್ಲಿಗೆ ಬರವಿಲ್ಲದ ನಮ್ಮ ನಾಡಿನಲ್ಲಿ ಇದನ್ನು ಯಾಕೆ ಮಾಡಿ ನೋಡಬಾರದು ಎಂದು ನನಗೆ ಬಹಳ ಸಲ ಅನ್ನಿಸಿದೆ.

ಮರದ ಆಯ್ಕೆಯಲ್ಲಿ ಹಿರಿಯರು ತಿಳಿದವರಾಗಿದ್ದರು. ತೇಗ, ಹೊನ್ನೆ, ಬೀಟೆಗಳ ತಿರುಳು ಗೆದ್ದಲಿಗೆ ಸುಲಭಕ್ಕೆ ಬಗ್ಗುವುದಿಲ್ಲ. ತೇಗದ್ದೇ ಆದರೂ ಹೊರಸುತ್ತಿನ ಬಿಳಿ ಮರಕ್ಕೆ ಆ ಗುಣವಿಲ್ಲ. ಮಾವು, ಬೂರುಗವಂತೂ ಅದಕ್ಕೆ ಔತಣ. ಕರಾವಳಿಯಲ್ಲಿ ಮಾಡಿನ ಪಕಾಸು, ರೀಪುಗಳಿಗೆ ಗೇರುಬೀಜದ ಸಿಪ್ಪೆಯ ಎಣ್ಣೆ ಬಳಿಯುತ್ತಿದ್ದರು. ಒಳ್ಳೆಯ ರಕ್ಷಣೆಯೇ, ಚರ್ಮಕ್ಕೆ ತಾಗಿದರೆ ಸುಡುತ್ತದೆ ಎಂಬ ಎಚ್ಚರ ಬೇಕು. ಈಗಿನ ಪ್ಲೈವುಡ್ ಕೊಳ್ಳುವಾಗ ಒಂದು ಮಾತು: ನೀರಿಗೆ ಹಾಳಾಗದ್ದು ಎಂದರೆ ಗೆದ್ದಲಿಗೂ ಹಾಳಾಗದ್ದು ಎಂದರ್ಥವಲ್ಲ. ಎರಡನ್ನೂ ಬೇರೆ ಬೇರೆಯಾಗಿ ಕೇಳಿ ಬಿಲ್ಲಿನಲ್ಲಿ ಬರೆಸಿಕೊಳ್ಳಿ.

ಕಟ್ಟಿದ ಮನೆಗೆ ಗೆದ್ದಲು ಬಂದಾಗ ಏನು ಮಾಡುತ್ತಾರೆ? ಗೋಡೆ ನೆಲ ಸೇರುವ ಅಂಚಿನುದ್ದಕ್ಕೂ 300 ಮಿಲಿಮೀಟರಿಗೆ ಒಂದರಂತೆ, ಅಂದರೆ ಅಡಿಗೊಂದು, 12 ಮಿಲಿಮೀಟರ್ ತೂತು ಕೊರೆದು ಕೆಳಗಿನ ಮಣ್ಣಿಗೆ ದ್ರಾವಣ ಇಳಿಸುತ್ತಾರೆ, ಆಮೇಲೆ ಸಿಮೆಂಟಿನಿಂದ ಮುಚ್ಚುತ್ತಾರೆ. ಹೊರಗೆ ಗೋಡೆಗುಂಟ ಕಾಲುವೆ ತೋಡಿ ಅಲ್ಲೂ ಹಾಕುತ್ತಾರೆ. ಎಲ್ಲೂ ಕಡಿಯದ ಒಂದು ಸುತ್ತು ಆಗಬೇಕು. ಬೈಫೆಂಥ್ರಿನ್‌ನಂಥ ಔಷಧ ಇರುವುದು ಗೆದ್ದಲಿಗೆ ತಿಳಿಯುತ್ತದೆ. ಒಂದು ಕಡೆ ಬಿಟ್ಟುಹೋದರೂ ಅಲ್ಲಿಂದಲೇ ನುಸುಳುತ್ತದೆ. ಇಮಿಡಾಕ್ಲೋಪ್ರಿಡ್, ಫಿಪ್ರೊನಿಲ್ ಅದಕ್ಕೆ ತಿಳಿಯುವುದಿಲ್ಲ; ಹಾದು ಬಂದ ಹುಳ ಮೈ ನೆಕ್ಕಿಸಿಕೊಳ್ಳುತ್ತ, ಬಾಯಿಂದ ಬಾಯಿಗೆ ತಿನಿಸು ಕೊಡುತ್ತ ಉಳಿದವಕ್ಕೂ ಹಂಚುತ್ತದೆ. ಈ ಹಂಚಿ ತಿನ್ನುವ ಗುಣವನ್ನೇ ನೆಚ್ಚಿ ಬಂದದ್ದು ಮೇವಿನ ಮದ್ದು. ಫ್ಲಾರಿಡಾ ವಿಶ್ವವಿದ್ಯಾಲಯದ ನಾನ್ ಯಾವೋ ಸು ಅವರ ಸಂಶೋಧನೆಯಿಂದ 1995ರಲ್ಲಿ ಮಾರುಕಟ್ಟೆಗೆ ಬಂದ ಈ ಪದ್ಧತಿಯಲ್ಲಿ ಮರದ ನಾರಿನ ಜೊತೆ ಹೆಕ್ಸಾಫ್ಲೂಮುರಾನ್ ಬೆರೆಸಿ ನೆಲದಲ್ಲಿ ಹೂಳುತ್ತಾರೆ. ತಿಂದ ಹುಳಕ್ಕೆ ಪೊರೆ ಕಳಚಿದ ಮೇಲೆ ಹೊಸ ಚರ್ಮ ಕಟ್ಟಲಾಗುವುದಿಲ್ಲ, ಗೂಡೇ ಕ್ರಮೇಣ ಬರಿದಾಗುತ್ತದೆ. ತಿಂಗಳುಗಟ್ಟಲೆ ಕಾಯಬೇಕು, ಆದರೆ ವಿಷ ತೀರ ಕಡಿಮೆ. ಕೋಪ್ಟೋಟರ್ಮಿಸ್‌ಗೆ ಇದು ಚೆನ್ನಾಗಿ ಹಿಡಿಯುತ್ತದೆ. ಅಣಬೆ ಬೆಳೆಸುವ ಓಡಾಂಟೋಟರ್ಮಿಸ್‌ಗೆ ಅಷ್ಟು ಹಿಡಿಯುವುದಿಲ್ಲ. ಯಾವ ಗೆದ್ದಲು ಎಂದು ಮೊದಲೇ ಗುರುತಿಸಿಕೊಳ್ಳಿ ಎಂದದ್ದು ಇದಕ್ಕೇ.

ವಿಷದ ಮಾತನ್ನು ಹಗುರವಾಗಿ ಆಡಲಾರೆ. ಒಂದು ಕಾಲಕ್ಕೆ ಆಲ್ಡ್ರಿನ್, ಕ್ಲೋರ್ಡೇನ್, ಹೆಪ್ಟಾಕ್ಲೋರ್ ಸುರಿದರು. ದಶಕಗಳ ಕಾಲ ಗೆದ್ದಲು ಬರಲಿಲ್ಲ, ನಿಜ; ಅವು ಮಣ್ಣಿನಲ್ಲಿ ಕರಗದೆ ಉಳಿದು ಜನರ, ಪ್ರಾಣಿಗಳ ಕೊಬ್ಬಿನಲ್ಲಿ ಸೇರಿಕೊಂಡವು, ಕೊನೆಗೆ ನಿಷೇಧವಾದವು. ಅವುಗಳ ಜಾಗಕ್ಕೆ ಬಂದ ಕ್ಲೋರ್‌ಪೈರಿಫಾಸ್ ಬಳಕೆಯನ್ನು ಮಕ್ಕಳ ಆರೋಗ್ಯದ ಕಾರಣಕ್ಕೆ ಅಮೆರಿಕ 2000ನೇ ಇಸವಿಯಲ್ಲೇ ಮನೆಗಳಿಂದ ಹಿಂತೆಗೆಯಲು ತೊಡಗಿತು. ನಮ್ಮಲ್ಲಿ ಅದು ಇನ್ನೂ ಧಾರಾಳ. ಎಳೆಮಕ್ಕಳು, ಬಸುರಿಯರು ಇರುವ ಮನೆಗೆ ಅದನ್ನು ನಾನು ಹೇಳುವುದಿಲ್ಲ. ಯಾವ ಔಷಧವೇ ಆಗಲಿ, ಕೆಲಸ ನಡೆಯುವಾಗ ಮಕ್ಕಳು, ಬಸುರಿಯರು, ಸಾಕುಪ್ರಾಣಿಗಳು ಮನೆಯಲ್ಲಿರುವುದು ಬೇಡ. ದಿನಸಿ, ಪಾತ್ರೆ ಮುಚ್ಚಿಡಿ. ನಗರದ ಮನೆಗಳಲ್ಲಿ ಗೋಡೆಗೆ ಅಂಟಿಕೊಂಡೇ ನೆಲದಡಿಯ ಸಂಪ್ ಇರುತ್ತದೆ, ಹಳ್ಳಿಯಲ್ಲಿ ಬಾವಿ. ಕೊರೆಯುವವರಿಗೆ ಸಂಪು, ಬಾವಿ, ನೀರಿನ ಪೈಪು, ವಯರು ಎಲ್ಲಿದೆ ಎಂದು ಮೊದಲೇ ತೋರಿಸಿ. ಅವುಗಳ ಮಗ್ಗುಲಲ್ಲಿ ಔಷಧ ಇಳಿಸಲು ಬಿಡಬೇಡಿ. ಕುಡಿಯುವ ನೀರಿಗಿಂತ ಬಾಗಿಲ ಚೌಕಟ್ಟು ದೊಡ್ಡದಲ್ಲ.

ಗೆದ್ದಲಿಗೆ ಔಷಧ ಹೊಡೆಯುವ ಕಂಪನಿಗೆ 1968ರ ಕೀಟನಾಶಕ ಕಾಯ್ದೆಯ ಪ್ರಕಾರ ಪರವಾನಗಿ ಇರಬೇಕು. ಅದನ್ನು ಕೇಳಿ ನೋಡಿ. ಸೀಲ್ ಒಡೆಯದ ಡಬ್ಬಿಯನ್ನು ನಿಮ್ಮೆದುರೇ ತೆರೆಯಲಿ, ಚೀಟಿಯಲ್ಲಿರುವ ಪ್ರಮಾಣದಲ್ಲೇ ನೀರು ಬೆರೆಸಲಿ. ಔಷಧದ ಹೆಸರು, ಎಷ್ಟು ಲೀಟರ್, ಎಲ್ಲೆಲ್ಲಿ ತೂತು, ಮುಂದಿನ ತಪಾಸಣೆ ಯಾವಾಗ ಎಂಬುದನ್ನು ಕಾಗದದ ಮೇಲೆ ಬರೆಸಿಕೊಳ್ಳಿ. ಹತ್ತು ವರ್ಷದ ಗ್ಯಾರಂಟಿ ಎಂದು ಬಾಯಲ್ಲಿ ಹೇಳಿದವರನ್ನು ಆಮೇಲೆ ಹುಡುಕುವುದು ಕಷ್ಟ. ಔಷಧ ಹಾಕಿಸಿದ ಮನೆಯನ್ನೂ ವರ್ಷಕ್ಕೊಮ್ಮೆ, ಮಳೆಗಾಲ ಹಿಡಿಯುವ ಮುಂಚೆ, ಟಾರ್ಚ್ ಹಿಡಿದು ಸುತ್ತಿ ನೋಡಬೇಕು. ಈ ಭಾನುವಾರವೇ ಬಚ್ಚಲಮನೆಯ ಬಾಗಿಲಿನಿಂದ ಶುರು ಮಾಡಿ.